‘ಯೋಜಿಂಬೊ’ ಬ್ಲೂ-ರೇ: ಶಬ್ದಕ್ಕಾಗಿಯೇ ಕೊಳ್ಳಬೇಕಾದ ಡಿಸ್ಕ್

ಜಪಾನಿ ನಿರ್ದೇಶಕ ಅಕಿರಾ ಕುರೊಸಾವಾ ಅವರ 1961ರ ಸಮುರಾಯ್ ಚಿತ್ರ ‘ಯೋಜಿಂಬೊ’ವನ್ನು ಅಮೆರಿಕದ ಡಿಸ್ಕ್ ಪ್ರಕಾಶಕ ಕ್ರೈಟೀರಿಯನ್ ಸಂಸ್ಥೆ 2010ರಲ್ಲಿ ಬ್ಲೂ-ರೇ ರೂಪದಲ್ಲಿ ಹೊರತಂದಿತು. ಕಪ್ಪು-ಬಿಳುಪಿನ ದೃಶ್ಯಗಳು ಬಹಳ ಸ್ವಚ್ಛವಾಗಿ ಮೂಡಿವೆ. ಆದರೂ ನಾನು ಈ ಡಿಸ್ಕನ್ನು ಶಿಫಾರಸು ಮಾಡುವುದು ಮುಖ್ಯವಾಗಿ ಅದರ ಧ್ವನಿಗಾಗಿ, ಅದರಲ್ಲೂ ಶಬ್ದ ಪರಿಣಾಮಗಳ ಹೊಣೆ ಹೊತ್ತಿದ್ದ ಇಚಿರೊ ಮಿನಾವಾ ಅವರ ಕೆಲಸಕ್ಕಾಗಿ.

ಜಪಾನಿನ ತೊಹೊ ಸ್ಟುಡಿಯೊದಲ್ಲಿ ಬೆಳೆದ ಮಿನಾವಾ 1954ರ ಒಂದೇ ವರ್ಷದಲ್ಲಿ ‘ಸೆವೆನ್ ಸಮುರಾಯ್’ ಮತ್ತು ‘ಗೊಡ್ಜಿಲ್ಲಾ’ ಎರಡಕ್ಕೂ ದುಡಿದವರು. 1985ರ ‘ರಾನ್’ ಚಿತ್ರದಲ್ಲಿಯೂ ಅವರ ಹೆಸರಿದೆ. ಮಳೆ, ಕೆಸರು, ಕುದುರೆಗಳ ಗೊರಸಿನ ಸದ್ದು ಒಂದು ಕಡೆ, ನಗರವನ್ನೇ ತುಳಿದು ಹಾಕುವ ದೈತ್ಯಪ್ರಾಣಿ ಇನ್ನೊಂದು ಕಡೆ: ಇಷ್ಟು ವಿಸ್ತಾರವಾದ ವೃತ್ತಿಜೀವನವನ್ನು ಅರಿಯಲು ಯಾವ ಚಿತ್ರದಿಂದ ತೊಡಗಬೇಕೆಂದು ಯಾರಾದರೂ ಕೇಳಿದರೆ ನಾನು ‘ಯೋಜಿಂಬೊ’ ಎಂದೇ ಹೇಳುತ್ತೇನೆ.

ಕತ್ತಿ ಮೈಯನ್ನು ಸೀಳುವ ಸದ್ದು ಅದಕ್ಕೆ ಮೊದಲ ಕಾರಣ. ಅಲ್ಲಿಯವರೆಗಿನ ಜಪಾನಿ ಕತ್ತಿವರಸೆಯ ಚಿತ್ರಗಳಲ್ಲಿ ಏಟು ಬಿದ್ದ ಕ್ಷಣಕ್ಕೆ ಇಂಥ ಸದ್ದನ್ನು ಜೋಡಿಸುವ ರೂಢಿ ಇರಲಿಲ್ಲ. ಮಿನಾವಾ ಬೇರೆ ಬೇರೆ ಮಾಂಸಗಳನ್ನು ಕಡಿದು ನೋಡಿ, ಕೊನೆಗೆ ಕೋಳಿಯೊಳಗೆ ಊಟದ ಕಡ್ಡಿಗಳನ್ನು ತುಂಬಿಸಿ ಕತ್ತರಿಸಿದಾಗ ಬೇಕಾದ ಸದ್ದು ದೊರೆಯಿತೆಂದು ಹೇಳಲಾಗುತ್ತದೆ. ಡಿಸ್ಕಿನಲ್ಲಿ ಆ ಸದ್ದು ತೀರ ಚಿಕ್ಕದು, ಒಣದು. ಕತ್ತಿ ಒರೆಗೆ ಮರಳುವ ಹೊತ್ತಿಗೆ ಮುಗಿದೇ ಹೋಗಿರುತ್ತದೆ. ಅದನ್ನು ಎಳೆಯದೆ ಬಿಟ್ಟದ್ದರಲ್ಲಿಯೇ ಅವರ ಸಂಯಮ ಕಾಣುತ್ತದೆ. ಇನ್ನೊಂದು ಉದಾಹರಣೆಯನ್ನು ಹೆಂಡದಂಗಡಿಯ ದೃಶ್ಯಗಳಲ್ಲಿ ಗಮನಿಸಬಹುದು. ಪಕ್ಕದಲ್ಲಿ ಶವಪೆಟ್ಟಿಗೆ ಮಾಡುವವನ ಸುತ್ತಿಗೆಯ ಪೆಟ್ಟು ಕೇಳಿಸುತ್ತಿದ್ದಂತೆ, ಊರಿನಲ್ಲಿ ಯಾರ ಕಸುಬು ಚೆನ್ನಾಗಿ ನಡೆಯುತ್ತಿದೆ ಎಂಬುದು ವಿವರಣೆಯಿಲ್ಲದೆ ತಿಳಿದುಹೋಗುತ್ತದೆ.

ಡಿಸ್ಕಿನಲ್ಲಿ ಎರಡು ಧ್ವನಿಪಥಗಳಿವೆ: ಒಂದು ಮಾನೋ (ಒಂದೇ ಚಾನೆಲ್‌ನ ಧ್ವನಿ), ಇನ್ನೊಂದು ಮೂರು ಚಾನೆಲ್‌ಗಳ ಪರ್ಸ್ಪೆಕ್ಟಾ. ಪರ್ಸ್ಪೆಕ್ಟಾ ನಿಜವಾದ ಸ್ಟೀರಿಯೊ ಅಲ್ಲ. ಒಂದೇ ಧ್ವನಿಪಥದಲ್ಲಿ 30, 35 ಮತ್ತು 40 ಹರ್ಟ್ಸ್‌ನ ಮಂದ್ರ ಸಂಕೇತಗಳನ್ನು ಅಡಗಿಸಿ, ಅವುಗಳ ಮೂಲಕ ಎಡ, ನಡು ಮತ್ತು ಬಲ ಸ್ಪೀಕರ್‌ಗಳ ಮಟ್ಟವನ್ನು ಏರಿಳಿಸುವ ವ್ಯವಸ್ಥೆ ಅದು. ಹೀಗಾಗಿ ಏಕಕಾಲಕ್ಕೆ ಕೇಳುವ ಎರಡು ಸದ್ದುಗಳನ್ನು ಎರಡು ದಿಕ್ಕಿಗೆ ಬೇರ್ಪಡಿಸಲು ಅದಕ್ಕೆ ಸಾಧ್ಯವಿಲ್ಲ. ಇಡೀ ಧ್ವನಿಯೇ ಒಂದು ಪಕ್ಕಕ್ಕೆ ವಾಲುತ್ತದೆ. ಆದರೂ ಅಗಲ ತೆರೆಗಾಗಿ ರೂಪಿಸಿದ ಈ ಚಿತ್ರದಲ್ಲಿ, ಊರಿಗಾಗಿ ಕಾದಾಡುವ ಎರಡು ಬಣಗಳು ಬೀದಿಯ ಎರಡು ತುದಿಗಳಲ್ಲಿ ನಿಂತಾಗ, ಆ ವಾಲಿಕೆ ಅರ್ಥಪೂರ್ಣವಾಗಿದೆ. ಮೂಲದ ಈ ಪ್ರಯೋಗವನ್ನು ಉಳಿಸಿಕೊಂಡದ್ದು ಈ ಆವೃತ್ತಿಯ ಅತಿ ದೊಡ್ಡ ಗುಣವೆಂದು ನನ್ನ ಅಭಿಪ್ರಾಯ.

ಚಲನಚಿತ್ರ ವಿದ್ವಾಂಸ ಸ್ಟೀಫನ್ ಪ್ರಿನ್ಸ್ ಅವರ ವ್ಯಾಖ್ಯಾನವೂ ಚಿತ್ರದ ತಯಾರಿಕೆಯ ಕುರಿತ ಸಾಕ್ಷ್ಯಚಿತ್ರವೂ ಜೊತೆಗಿವೆ. ಡಿಸ್ಕ್ ಬ್ಲೂ-ರೇಯ ‘ಎ’ ವಲಯಕ್ಕೆ (ಅಮೆರಿಕ, ಜಪಾನ್ ಮೊದಲಾದ ದೇಶಗಳ ಪ್ಲೇಯರ್‌ಗಳಿಗೆ) ಸೀಮಿತವಾದ್ದರಿಂದ ಕೊಳ್ಳುವ ಮುನ್ನ ಪ್ಲೇಯರ್ ಹೊಂದುತ್ತದೆಯೇ ಎಂದು ಪರಿಶೀಲಿಸುವುದು ಒಳ್ಳೆಯದು. ನಡುವಿನ ಸ್ಪೀಕರ್ ಇರುವವರು ಪರ್ಸ್ಪೆಕ್ಟಾವನ್ನೇ ಆರಿಸಿಕೊಳ್ಳಲಿ; ಹೆಡ್‌ಫೋನ್‌ನಲ್ಲಿ ಕೇಳುವವರಿಗೆ ಮಾನೋ ಹೆಚ್ಚು ಹಿತವಾಗಿರುತ್ತದೆ.