ಎಕ್ವಿಯಾನೊ, ಮೇರಿ ಪ್ರಿನ್ಸ್, ಮಂಗೋ ಪಾರ್ಕ್: ಯಾವುದರಿಂದ ಶುರು ಮಾಡಬೇಕು?

ಗುಲಾಮಗಿರಿ, ಸೆರೆ, ದೂರದೇಶದ ಅನ್ವೇಷಣೆ ಬಗ್ಗೆ ಒಂದೇ ಪುಸ್ತಕ ಹೇಳಿ ಅಂದಿದ್ದೀರಿ. ನಾನು ಮೂರು ಹೇಳುತ್ತೇನೆ, ಆರಿಸಿಕೊಳ್ಳಿ. ದುಡ್ಡಿನ ಚಿಂತೆ ಬೇಡ, ಮೂರರ ಇಂಗ್ಲಿಷ್ ಮೂಲವೂ ಹಳೇ ಪುಸ್ತಕಗಳ ವೆಬ್‌ಸೈಟ್ ಪ್ರಾಜೆಕ್ಟ್ ಗುಟೆನ್‌ಬರ್ಗ್‌ನಲ್ಲಿ ಪುಕ್ಕಟೆ ಸಿಗುತ್ತದೆ.

ಟೈಮ್ ಕಡಿಮೆ ಇದ್ದರೆ ಮೇರಿ ಪ್ರಿನ್ಸ್ (1831ರಲ್ಲಿ ಪ್ರಕಟ), ಗುಲಾಮಳಾಗಿದ್ದ ಹೆಂಗಸಿನ ಆತ್ಮಕಥೆ. ತುಂಬಾ ಚಿಕ್ಕದು, ಹಾಗಂತ ಹಗುರ ಅಂದುಕೊಳ್ಳಬೇಡಿ. ವೆಸ್ಟ್ ಇಂಡೀಸ್ ಕಡೆಯ ಟರ್ಕ್ಸ್ ದ್ವೀಪದ ಉಪ್ಪಿನ ಕೊಳಗಳಲ್ಲಿ ಬೆಳಗಿನ ಜಾವ ನಾಲ್ಕಕ್ಕೇ ಕೆಲಸ, ಉಪ್ಪುನೀರಲ್ಲಿ ನಿಂತು ನಿಂತು ಕಾಲು ತುಂಬ ಹುಣ್ಣು, ಕೆಲವರಿಗೆ ಅದು ಮೂಳೆವರೆಗೂ ಇಳಿಯುತ್ತಿತ್ತು. ಓದುವಾಗ ನಡುವೆ ಪುಸ್ತಕ ಮುಚ್ಚಿಡಬೇಕು ಅನಿಸುತ್ತದೆ. ಒಂದು ಮಾತು: ಅವಳು ಹೇಳಿದ್ದು, ಬರೆದುಕೊಂಡವರು ಬೇರೆ.

ಗುಲಾಮನಾಗಿದ್ದ ಎಕ್ವಿಯಾನೊ (1789) ತನ್ನ ಕಥೆ ತಾನೇ ಬರೆದ. ಉದ್ದ ಜಾಸ್ತಿ, ಹಳೇ ಇಂಗ್ಲಿಷ್, ಕೊನೆಯಲ್ಲಿ ಧರ್ಮದ ಮಾತು ಸ್ವಲ್ಪ ಎಳೆಯುತ್ತದೆ. ಆದರೆ ಹಡಗು, ಸಂತೆ, ವ್ಯಾಪಾರ ಎಲ್ಲ ಇದೆ, 1766ರಲ್ಲಿ 40 ಪೌಂಡ್ ಕೊಟ್ಟು ತನ್ನನ್ನು ತಾನೇ ಬಿಡಿಸಿಕೊಂಡ ಕಥೆಯೂ ಇದೆ. ಹುಟ್ಟಿದ್ದು ಆಫ್ರಿಕಾದಲ್ಲಾ ಅಮೆರಿಕದ ಕೆರೊಲಿನಾದಲ್ಲಾ ಅಂತ ಪಂಡಿತರ ಜಗಳ ಇನ್ನೂ ಮುಗಿದಿಲ್ಲ. ಗುಲಾಮಗಿರಿಯ ವ್ಯವಸ್ಥೆ ಹೇಗೆ ನಡೀತಿತ್ತು ಅಂತ ಅರ್ಥವಾಗಬೇಕಾದರೆ ಇದು.

ಪ್ರಯಾಣದ ರುಚಿ ಇದ್ದವರಿಗೆ ಪಶ್ಚಿಮ ಆಫ್ರಿಕಾ ಸುತ್ತಿದ ಸ್ಕಾಟ್ಲೆಂಡಿನ ಅನ್ವೇಷಕ ಮಂಗೋ ಪಾರ್ಕ್ (1799). ಸೆರೆ ಸಿಕ್ಕಿ, ತಪ್ಪಿಸಿಕೊಂಡು, 1796ರಲ್ಲಿ ಸೆಗು (ಈಗಿನ ಮಾಲಿ ದೇಶದ ಊರು) ಹತ್ತಿರ ನೈಜರ್ ನದಿ ನೋಡಿದ. ಆಮೇಲೆ ಕಳ್ಳರು ಬಟ್ಟೆಯನ್ನೂ ಬಿಡದೆ ದೋಚಿದರು, ಹೋಗುವಾಗ ಒಂದು ಅಂಗಿ, ಪ್ಯಾಂಟು, ಟೋಪಿ ವಾಪಸ್ ಕೊಟ್ಟರು, ಟಿಪ್ಪಣಿಗಳೆಲ್ಲ ಆ ಟೋಪಿಯೊಳಗೇ ಇದ್ದವು! ಕಣ್ಣಿಗೆ ಕಟ್ಟುವ ಹಾಗೆ ಬರೆಯುತ್ತಾನೆ, ನಿಜ. ಆದರೆ ವಾಪಸ್ ಬಂದದ್ದು ಗುಲಾಮರನ್ನು ಸಮುದ್ರದ ಕಡೆ ಸಾಗಿಸುವ ತಂಡದ ಜೊತೆಯಲ್ಲೇ. ಅವರ ಸಂಕಟ ನೋಡಿ ಮರುಗುತ್ತಾನೆ, ವ್ಯಾಪಾರ ನಿಲ್ಲಲಿ ಅಂತ ಮಾತ್ರ ಗಟ್ಟಿಯಾಗಿ ಹೇಳುವುದಿಲ್ಲ. ನನಗೆ ಅದು ಚುಚ್ಚಿತು, ನಿಮಗೆ ಸಾಹಸವೇ ಮುಖ್ಯವಾದರೆ ಅಡ್ಡಿಯಾಗಲಿಕ್ಕಿಲ್ಲ.