ಟಿ.ಎನ್. ಸೀತಾರಾಂ ಧಾರಾವಾಹಿಗಳು: ಎಲ್ಲಿಂದ ಶುರು ಮಾಡಬೇಕು, ಎಲ್ಲಿ ವೇಗವಾಗಿ ಓಡಿಸಬೇಕು

ಗೌರಿಬಿದನೂರು ಕಡೆಯವರಿಗೆ ಸೀತಾರಾಂ ಅಂದರೆ 'ನಮ್ಮವರು'. ಆ ಅಭಿಮಾನ ಪಕ್ಕಕ್ಕಿಟ್ಟು ನೋಡಿದರೂ ಅವರ ಧಾರಾವಾಹಿಗಳು ನಿಲ್ಲುತ್ತವೆ. ಸಿನಿಮಾಗಳ ವಿಷಯದಲ್ಲಿ ಅಷ್ಟು ಧೈರ್ಯವಾಗಿ ಹೇಳುವುದು ಕಷ್ಟ.

ಶುರು 'ಮಾಯಾಮೃಗ'ದಿಂದಲೇ ಆಗಲಿ. 1998ರಲ್ಲಿ ದೂರದರ್ಶನಕ್ಕೆಂದು ಪಿ. ಶೇಷಾದ್ರಿ, ನಾಗೇಂದ್ರ ಶಾ ಜತೆ ಸೇರಿ ನಿರ್ದೇಶಿಸಿದ್ದು. ಆ ಕಾಲದ ಕಂತುಗಳನ್ನು ಈಗಿನ ಟಿವಿಗೆ ಹಾಕಿದರೆ ಎರಡೂ ಪಕ್ಕ ಕಪ್ಪು ಪಟ್ಟಿ ಬರುತ್ತದೆ. ಬರಲಿ, ಬಿಡಿ. ಚಿತ್ರ 4:3 ಅಳತೆಯದು, ಅಂದರೆ ಅಗಲ ನಾಲ್ಕು ಪಾಲಾದರೆ ಎತ್ತರ ಮೂರು ಪಾಲು. ರಿಮೋಟಿನಲ್ಲಿ ಅಗಲಿಸಿದರೆ ಮುಖ ಊದಿಕೊಳ್ಳುತ್ತದೆ, ಝೂಮ್ ಮಾಡಿದರೆ ಹಣೆ ಕತ್ತರಿಸಿ ಹೋಗುತ್ತದೆ. ಕಥೆ ನಡೆಯುವುದೇ ಮುಖಗಳ ಮೇಲೆ. ಆಗಿನ ಟಿವಿ ಚಿತ್ರಕ್ಕೆ ಇದ್ದದ್ದೇ 576 ಗೆರೆ. ನೆಟ್‌ನಲ್ಲಿ ನೋಡುವಾಗ ಚಿತ್ರದ ಗುಣಮಟ್ಟಕ್ಕೆ 1080 ಒತ್ತಿದರೆ ಡೇಟಾ ಕರಗುತ್ತದೆಯೇ ಹೊರತು ಸ್ಪಷ್ಟತೆ ಹೆಚ್ಚುವುದಿಲ್ಲ, 480 ಸಾಕು. ಯಾರಾದರೂ ಕೈ ಬೀಸಿದಾಗ ಅಂಚಿನಲ್ಲಿ ಬಾಚಣಿಗೆ ಹಲ್ಲಿನಂಥ ಗೆರೆ ಕಂಡರೆ ನೆಟ್ ದೋಷ ಅಂದುಕೊಳ್ಳಬೇಡಿ. ಹಳೇ ಟೇಪಿನ ಚಿತ್ರ ಎರಡು ಪಾಲಾಗಿ, ಸರಿ ಗೆರೆ ಒಮ್ಮೆ ಬೆಸ ಗೆರೆ ಒಮ್ಮೆ, ದಾಖಲಾಗಿರುವುದರಿಂದ ಹಾಗಾಗುತ್ತದೆ.

ಮನೆಯೊಳಗಿನ ದೃಶ್ಯಗಳಲ್ಲಿ ಮೌನ ಉದ್ದ. 1.25 ವೇಗಕ್ಕಿಟ್ಟರೆ ನಷ್ಟವಿಲ್ಲ. ಕೋರ್ಟು ಬಂದ ಕೂಡಲೇ ಮಾತ್ರ ಮಾಮೂಲಿ ವೇಗಕ್ಕೆ ಇಳಿಸಿ.

ಸೀತಾರಾಂ ಕಾನೂನು ಓದಿದವರು ಅನ್ನುವುದು ಅಲ್ಲೇ ಗೊತ್ತಾಗುವುದು. ತನ್ನದೇ ಸಾಕ್ಷಿಯ ಮುಖ್ಯ ವಿಚಾರಣೆಯಲ್ಲಿ ವಕೀಲ ಉತ್ತರವನ್ನು ಬಾಯಿಗೆ ತುರುಕುವಂಥ ಪ್ರಶ್ನೆ ಹಾಕುವಂತಿಲ್ಲ. ಎದುರು ಪಕ್ಷದ ಸಾಕ್ಷಿಯ ಪಾಟೀ ಸವಾಲಿನಲ್ಲಿ ಹಾಕಬಹುದು. 'ಅವತ್ತು ನೀವು ಊರಲ್ಲೇ ಇರಲಿಲ್ಲ, ಹೌದು ತಾನೇ?' ಅನ್ನುವ ಧಾಟಿ. 'ಮುಕ್ತ' ಧಾರಾವಾಹಿಯಲ್ಲಿ ಅವರೇ ನಟಿಸಿದ ವಕೀಲ ಸಿ.ಎಸ್.ಪಿ. ಕೂಗಾಡದೆ ಗೆಲ್ಲುವುದು ಹೀಗೆ. ಹೌದು ಅನ್ನದೆ ವಿಧಿಯಿಲ್ಲದ ಸಣ್ಣ ಸಣ್ಣ ಪ್ರಶ್ನೆ ಪೋಣಿಸಿ, ಕೊನೆಯದಕ್ಕೆ ಸಾಕ್ಷಿ ತಡವರಿಸುವಂತೆ ಮಾಡುವುದು. ವಾಯಿದೆ ಮೇಲೆ ವಾಯಿದೆ ಬೀಳುವ ತಾಲ್ಲೂಕು ಕೋರ್ಟಿನ ನಿಧಾನ ಇಲ್ಲಿಲ್ಲ, ನಿಜ. ಅದನ್ನೂ ತೋರಿಸಿದ್ದರೆ ಯಾರು ನೋಡುತ್ತಿದ್ದರು!

ಸಿನಿಮಾದಲ್ಲಿ 'ಮತದಾನ' ಒಂದನ್ನು ತಪ್ಪಿಸಬೇಡಿ. ಭೈರಪ್ಪನವರ ಕಾದಂಬರಿ, ಅನಂತನಾಗ್, ತಾರಾ, ದೇವರಾಜ್. 2000ದ ಸಾಲಿನ ಅತ್ಯುತ್ತಮ ಕನ್ನಡ ಚಿತ್ರವೆಂದು ರಾಷ್ಟ್ರಪ್ರಶಸ್ತಿ. ಊರ ಡಾಕ್ಟರು ರಾಜಕೀಯಕ್ಕೆ ಬೀಳುವ ಕಥೆಗೆ ಕಾದಂಬರಿಯ ಗಟ್ಟಿ ಬೆನ್ನುಮೂಳೆ ಇತ್ತು. 'ಮೀರಾ ಮಾಧವ ರಾಘವ' (2007), 'ಕಾಫಿ ತೋಟ' (2017) ಎರಡರಲ್ಲೂ ಆ ಹಿಡಿತ ಸಡಿಲ. ಪಾತ್ರವನ್ನು ನೂರಾರು ಕಂತಿನಲ್ಲಿ ಹದ ಮಾಡಿದ ಕೈಗೆ ಎರಡು ಗಂಟೆ ಬಿಗಿಯಾಗುತ್ತದೆ, ಜನ ಮಾತಾಡಲು ಕೂತರೆ ಕಥೆ ಅಲ್ಲೇ ನಿಂತುಬಿಡುತ್ತದೆ.

ಹೊಸ ಕಾಲದ್ದೇ ಬೇಕೆಂದರೆ 2018ರಲ್ಲಿ ಕಲರ್ಸ್ ಸೂಪರ್‌ನಲ್ಲಿ ಶುರುವಾದ 'ಮಗಳು ಜಾನಕಿ'. ಪರದೆ ತುಂಬ ಚಿತ್ರ, ಕಪ್ಪು ಪಟ್ಟಿಯ ಕಾಟವಿಲ್ಲ.

ತಕರಾರು ಒಂದೇ. ಪಾತ್ರಗಳ ಬಾಯಲ್ಲಿ ಬೆಂಗಳೂರಿನ ಓದಿದ ಮನೆಗಳ ಕನ್ನಡವೇ ಹೆಚ್ಚು. ತೆಲುಗಲ್ಲಿ ಚೌಕಾಸಿ ಮಾಡಿ ಕನ್ನಡದಲ್ಲಿ ಲೆಕ್ಕ ಮುಗಿಸುವ ನಮ್ಮ ಗಡಿ ಸೀಮೆಯ ಮಾತು ಕಿವಿಗೆ ಬೀಳುವುದು ಅಪರೂಪ.