ಗಲ್ಫ್‌ನವರ ಗಾಡಿ ಬಿಟ್ಟು ಓಡಿದ ಗಾಡಿ ಕೊಂಡೆ: ಹಳೆಯ ಗ್ಲಾಂಜಾ ಹೈಬ್ರಿಡ್

ಕಾಸರಗೋಡಿನಲ್ಲಿ ಹಳೆಯ ಕಾರು ಹುಡುಕಲು ಹೊರಟವರಿಗೆ ಮೊದಲು ತೋರಿಸುವುದು ‘ಗಲ್ಫ್‌ನವರ ಗಾಡಿ’. ಯಜಮಾನರು ಶಾರ್ಜಾದಲ್ಲಿದ್ದಾರೆ, ರಜೆಗೆ ಬಂದಾಗ ಮಾತ್ರ ಹೊರಗೆ ತೆಗೆಯುತ್ತಾರೆ, ಉಳಿದ ಕಾಲವೆಲ್ಲ ಶೆಡ್ಡಿನಲ್ಲಿ ಕವರ್ ಹೊದ್ದು ನಿಂತಿರುತ್ತದೆ, ಆರು ವರ್ಷಕ್ಕೆ ಇಪ್ಪತ್ತೆಂಟು ಸಾವಿರ ಕಿಲೋಮೀಟರ್ ಕೂಡ ಓಡಿಲ್ಲ ಎಂದು ಮಾತು ಶುರುವಾಗುತ್ತದೆ. ಸಾಧಾರಣ ಪೆಟ್ರೋಲ್ ಕಾರಾದರೆ ಈ ಮಾತಿಗೆ ಸ್ವಲ್ಪ ಬೆಲೆಯಿದೆ. ‘ಸ್ಮಾರ್ಟ್ ಹೈಬ್ರಿಡ್’ ಎಂದು ಮಾರುವ ಸಣ್ಣ ಕಾರಿನ ಮಟ್ಟಿಗೆ ನಿಂತೇ ಇದ್ದದ್ದು ಗುಣವಲ್ಲ, ದೋಷ. ನಾನು ಅಂಥದ್ದೊಂದನ್ನು ನೋಡಿ, ಬೇಡವೆಂದು ಎದ್ದು ಬಂದು, ಅದರ ಎರಡೂವರೆ ಪಾಲು ಓಡಿದ 2019ರ ಟೊಯೋಟಾ ಗ್ಲಾಂಜಾ ತೆಗೆದುಕೊಂಡೆ. ಮನೆಯಲ್ಲಿ ಎಲ್ಲರೂ ನನ್ನ ತಲೆ ಸರಿಯಿಲ್ಲವೆಂದರು. ಒಂದು ಮಳೆಗಾಲ ಕಳೆದಿದೆ, ಈಗ ಬರೆಯಬಹುದು.

ನನ್ನ ಅಗತ್ಯ ಮೊದಲು ಹೇಳಿಬಿಡುತ್ತೇನೆ. ಪೆರ್ಲದಿಂದ ಸ್ವಲ್ಪ ಒಳಗೆ ಮನೆ. ಕಾಸರಗೋಡು ಪೇಟೆಯ ಹತ್ತಿರದ ಶಾಲೆಯೊಂದರಲ್ಲಿ ಕನ್ನಡ ಮಾಧ್ಯಮದ ಮಕ್ಕಳಿಗೆ ಗಣಿತ ಕಲಿಸುತ್ತೇನೆ. ಬದಿಯಡ್ಕ, ಚೆರ್ಕಳ ದಾರಿಯಾಗಿ ದಿನಾ ಹೋಗಿ ಬರುವುದು. ಭಾನುವಾರ ಅಪ್ಪ ಅಮ್ಮನನ್ನು ಕೂರಿಸಿಕೊಂಡು ಮಧೂರಿಗೋ ಪುತ್ತೂರಿಗೋ ಒಂದು ಸುತ್ತು. ಪೆಟ್ರೋಲ್ ಖರ್ಚು ಕಡಿಮೆ ಇರಬೇಕು, ಅಪ್ಪನ ಮೊಣಕಾಲಿಗೆ ಹಿಂದಿನ ಸೀಟಿನಲ್ಲಿ ಜಾಗ ಇರಬೇಕು, ಹತ್ತಿರದಲ್ಲೇ ರಿಪೇರಿ ಆಗಬೇಕು.

ಈ ಹೈಬ್ರಿಡ್ ಎಂದರೆ ಎಷ್ಟು ಹೈಬ್ರಿಡ್ ಎಂಬುದನ್ನು ಮೊದಲು ತಿಳಿದುಕೊಳ್ಳಬೇಕು, ಏಕೆಂದರೆ ಮಾರುವವರು ಇದನ್ನು ಅರ್ಧ ವಿದ್ಯುತ್ ಕಾರು ಎಂಬಂತೆ ವರ್ಣಿಸುತ್ತಾರೆ. ಬ್ಯಾಟರಿಯಿಂದಲೇ ಒಂದು ಮೀಟರ್ ಕೂಡ ಇದು ಓಡುವುದಿಲ್ಲ. ಇದರಲ್ಲಿರುವುದು ಮಾಮೂಲಿ ಆಲ್ಟರ್ನೇಟರ್‌ನ ಜಾಗದಲ್ಲಿ ಬೆಲ್ಟಿನಿಂದ ತಿರುಗುವ ಒಂದು ಯಂತ್ರ. ಅದು ವಿದ್ಯುತ್ತನ್ನೂ ಮಾಡುತ್ತದೆ, ಸಿಗ್ನಲ್‌ನಲ್ಲಿ ನಿಂತ ಎಂಜಿನ್ನನ್ನು ಸದ್ದಿಲ್ಲದೆ ಮತ್ತೆ ಚಾಲೂ ಮಾಡುತ್ತದೆ, ವೇಗ ಹೆಚ್ಚಿಸುವಾಗ ಎಂಜಿನ್ನಿಗೆ ಸ್ವಲ್ಪ ನೆರವಾಗುತ್ತದೆ. ಇಳಿಜಾರಿನಲ್ಲಿ ಕಾಲು ತೆಗೆದಾಗ, ಬ್ರೇಕ್ ಒತ್ತಿದಾಗ ಸಿಗುವ ಶಕ್ತಿ ಒಂದು ಪುಟ್ಟ ಲಿಥಿಯಂ ಬ್ಯಾಟರಿಗೆ ಹೋಗುತ್ತದೆ. ಆ ಬ್ಯಾಟರಿ ಮುಂದಿನ ಎಡ ಸೀಟಿನ ಅಡಿಯಲ್ಲಿದೆ. ಬಾನೆಟ್ಟಿನ ಒಳಗೆ ಎಂದಿನ ಬ್ಯಾಟರಿಯೂ ಇದೆ. 2017ರಲ್ಲೇ ಕೇಂದ್ರ ಸರಕಾರ ವಿದ್ಯುತ್ ಮತ್ತು ಹೈಬ್ರಿಡ್ ವಾಹನಗಳಿಗೆ ಉತ್ತೇಜನ ಕೊಡುವ ಫೇಮ್ ಯೋಜನೆಯ ಸಹಾಯಧನದಿಂದ ಇಂಥ ‘ಮೈಲ್ಡ್’ ಹೈಬ್ರಿಡ್‌ಗಳನ್ನು ಹೊರಗಿಟ್ಟಿತು. ಅದು ಸರಿಯಾದ ಲೆಕ್ಕಾಚಾರವೇ ಎಂದು ನನಗನಿಸುತ್ತದೆ.

ಇದೇ ಎಂಜಿನ್ ಮಾರುತಿ ಬಲೆನೊದಲ್ಲಿ 2019ರ ಏಪ್ರಿಲ್‌ನಲ್ಲಿ ಬಂತು, ಜೂನ್‌ನಲ್ಲಿ ಗ್ಲಾಂಜಾ. ಎರಡೂ ಒಂದೇ ಕಾರು, ಮೂತಿ ಮತ್ತು ಲಾಂಛನ ಬೇರೆ. 1197 ಸಿಸಿ, ಒಂದೊಂದು ಸಿಲಿಂಡರಿಗೆ ಎರಡೆರಡು ಇಂಜೆಕ್ಟರ್, 90 ಪಿಎಸ್. ಕಂಪನಿ ಹೇಳುವ ಮೈಲೇಜು ಲೀಟರಿಗೆ 23.87 ಕಿಲೋಮೀಟರ್. ಹೈಬ್ರಿಡ್ ಇಲ್ಲದ ಮ್ಯಾನುವಲ್ ಗ್ಲಾಂಜಾಕ್ಕೆ ಆಗ ಹೇಳಿದ್ದು 21.01. 2022ರಲ್ಲಿ ಹೊಸ ರೂಪದ ಬಲೆನೊ ಬಂದಾಗ ಈ ಹೈಬ್ರಿಡ್ ವ್ಯವಸ್ಥೆಯನ್ನೇ ಕೈಬಿಟ್ಟರು, ಎಂಜಿನ್ ನಿಲ್ಲಿಸಿ ಚಾಲೂ ಮಾಡುವ ಸೌಕರ್ಯವನ್ನಷ್ಟೇ ಉಳಿಸಿಕೊಂಡರು. ಹಾಗಾಗಿ ಹ್ಯಾಚ್‌ಬ್ಯಾಕ್‌ನಲ್ಲಿ ಇದು ಬೇಕೆಂದರೆ ಹಳೆಯದನ್ನೇ ಹುಡುಕಬೇಕು.

ಹುಡುಕುವಾಗ ಒಂದು ಗೊಂದಲವಿದೆ. ಆಗಿನ ಗ್ಲಾಂಜಾದಲ್ಲಿ ‘ಜಿ’ ಮತ್ತು ‘ವಿ’ ಎಂದು ಎರಡು ದರ್ಜೆ. ಹೆಚ್ಚು ಬೆಲೆಯ ‘ವಿ’ಯಲ್ಲಿ ಹೈಬ್ರಿಡ್ ಇಲ್ಲ, ಕಡಿಮೆ ಬೆಲೆಯ ‘ಜಿ’ ಮ್ಯಾನುವಲ್‌ನಲ್ಲಿ ಇದೆ. ಆಟೊಮ್ಯಾಟಿಕ್ ಯಾವುದರಲ್ಲೂ ಇಲ್ಲ. ಅಷ್ಟಾದರೂ ನೆನಪಿಡಬಹುದಿತ್ತು, ಆದರೆ 2019ರ ಅಕ್ಟೋಬರ್‌ನಲ್ಲಿ ಹೈಬ್ರಿಡ್ ಇಲ್ಲದ ಇನ್ನೊಂದು ‘ಜಿ’ ಮ್ಯಾನುವಲ್ ಬಂತು. ಅದರ ಶೋರೂಂ ಬೆಲೆ 6.98 ಲಕ್ಷ, ಹೈಬ್ರಿಡ್ ‘ಜಿ’ಯದ್ದು 7.22 ಲಕ್ಷ. ಹೊಸದರಲ್ಲೇ ವ್ಯತ್ಯಾಸ ಇಪ್ಪತ್ತನಾಲ್ಕು ಸಾವಿರ. ನಾನು ನೋಡಿದ ಮಾರಾಟಗಾರರೊಬ್ಬರು ಆರು ವರ್ಷ ಹಳೆಯ ಕಾರಿಗೆ ‘ಹೈಬ್ರಿಡ್ ಅಲ್ಲವೇ’ ಎಂದು ಅರುವತ್ತು ಸಾವಿರ ಹೆಚ್ಚು ಕೇಳಿದರು. ಈ ಲೆಕ್ಕ ಬಿಡಿಸಿ ಹೇಳಿದಾಗ ಅವರು ನನ್ನನ್ನು ಬಿಟ್ಟು ನನ್ನ ತಮ್ಮನ ಮುಖ ನೋಡಿದರು. ಕಾರು ನನಗೆ, ದುಡ್ಡು ನನ್ನದು, ಚಾಲನೆ ನನ್ನದು. ತಮ್ಮ ಬಂದದ್ದು ಹೋಗುವ ದಾರಿಯಲ್ಲಿ ಬಿರಿಯಾನಿ ತಿನ್ನಲು. ಆದರೂ ಎಂಜಿನ್, ಗೇರು, ಇನ್ಶೂರೆನ್ಸ್ ಎಲ್ಲದರ ವಿವರಣೆ ಅವನಿಗೇ. ಬಣ್ಣದ ವಿಷಯ ಬಂದಾಗ ಮಾತ್ರ ನನ್ನ ಕಡೆ ತಿರುಗಿದರು.

ಗಲ್ಫ್‌ನವರ ಗಾಡಿ ಉಪ್ಪಳ ಕಡೆಯದು. ನೋಡಲು ಚೊಕ್ಕ, ಸೀಟಿನ ಪ್ಲಾಸ್ಟಿಕ್ ಹೊದಿಕೆ ಕೂಡ ಹರಿದಿಲ್ಲ. ಕುಂಬಳೆಯ ನಮ್ಮ ಮೆಕ್ಯಾನಿಕ್ ಜೊತೆಗಿದ್ದರು. ಅವರು ಮೀಟರ್ ನೋಡಲೇ ಇಲ್ಲ, ನೇರ ಟೈರಿನ ಪಕ್ಕ ಕುಳಿತರು. ಟೈರಿನ ಬದಿಯಲ್ಲಿ ಒಂದು ಚಿಕ್ಕ ಅಂಡಾಕಾರದೊಳಗೆ ನಾಲ್ಕು ಅಂಕೆಗಳಿರುತ್ತವೆ. ಇದರಲ್ಲಿ 2319 ಎಂದಿತ್ತು, ಅಂದರೆ 2019ರ ಇಪ್ಪತ್ತಮೂರನೆಯ ವಾರದಲ್ಲಿ ತಯಾರಾದ ಟೈರು. ನಾಲ್ಕೂ ಅದೇ. ಹಲ್ಲು ಹೊಸದರಂತಿದೆ, ರಬ್ಬರು ಮಾತ್ರ ಪಕ್ಕದಲ್ಲಿ ಕೂದಲೆಳೆಯಂತೆ ಬಿರಿದಿದೆ. ಬಾನೆಟ್ ತೆಗೆದರೆ ಬ್ಯಾಟರಿಯ ಹಿಂದೆ ಅಡಿಕೆ ಸಿಪ್ಪೆಯ ನಾರು, ಕಾಗದದ ಚೂರು, ಬಾನೆಟ್ಟಿನ ಒಳಹಾಸಿನಿಂದ ಕಿತ್ತ ಹತ್ತಿ. ಇಲಿ ಸಂಸಾರ ಹೂಡಿ ಖಾಲಿ ಮಾಡಿ ಹೋದ ಮನೆ. ವೈರಿನ ಕಪ್ಪು ಹೊದಿಕೆ ಎರಡು ಕಡೆ ಕಡಿದಿತ್ತು. ಒಳಗಿನ ತಾಮ್ರ ಕಾಣುತ್ತಿರಲಿಲ್ಲ, ಅಷ್ಟೇ ಸಮಾಧಾನ.

ಆಮೇಲೆ ಓಡಿಸಿ ನೋಡಿದೆ. ಈ ಕಾರನ್ನು ಪರೀಕ್ಷಿಸಲು ಯಾವ ಉಪಕರಣವೂ ಬೇಡ. ಎಂಜಿನ್ ಬಿಸಿಯಾಗುವಷ್ಟು ದೂರ ಹೋಗಿ, ಸೀಟ್ ಬೆಲ್ಟ್ ಹಾಕಿಕೊಂಡೇ ನಿಲ್ಲಿಸಿ, ನ್ಯೂಟ್ರಲ್‌ಗೆ ತಂದು ಕ್ಲಚ್ ಬಿಡಬೇಕು. ಎಂಜಿನ್ ತಾನಾಗಿ ನಿಲ್ಲಬೇಕು. ಕ್ಲಚ್ ಒತ್ತಿದೊಡನೆ ಮತ್ತೆ ಏಳಬೇಕು. ಬ್ಯಾಟರಿಯಲ್ಲಿ ತಾಕತ್ತಿಲ್ಲದಿದ್ದರೆ ವ್ಯವಸ್ಥೆ ಎಂಜಿನ್ನನ್ನು ನಿಲ್ಲಿಸುವ ಧೈರ್ಯ ಮಾಡುವುದೇ ಇಲ್ಲ. ಆ ಕಾರು ಬಂದ್ಯೋಡಿನವರೆಗೆ ಹೋಗಿ ಬಂದರೂ ಒಮ್ಮೆಯೂ ನಿಲ್ಲಲಿಲ್ಲ. ‘ಎ.ಸಿ. ಹಾಕಿದ್ದೀರಲ್ಲ, ಅದಕ್ಕೇ’ ಎಂದರು ಮಾರಾಟದವರು. ಎ.ಸಿ. ಜೋರಾಗಿದ್ದರೆ ಹಾಗಾಗುವುದು ನಿಜ. ಎ.ಸಿ. ಆರಿಸಿದೆ. ಆಗಲೂ ಇಲ್ಲ. ಸ್ಟಾರ್ಟ್-ಸ್ಟಾಪ್ ತಡೆಯುವ ಗುಂಡಿಯೊಂದು ಡ್ಯಾಶ್‌ಬೋರ್ಡಿನಲ್ಲಿದೆ, ಅದನ್ನೂ ನೋಡಿದೆ, ಒತ್ತಿರಲಿಲ್ಲ.

‘ಟೀಚರೇ, ಇದು ಕೂತು ಕೂತು ಸತ್ತದ್ದು,’ ಎಂದರು ಮೆಕ್ಯಾನಿಕ್. ‘ಓಡಿದ ಗಾಡಿಯಾದರೆ ಎಲ್ಲಿ ಸವೆದಿದೆ ಎಂದು ಹೇಳಬಹುದು. ಇದಕ್ಕೆ ಏನು ಹೇಳುವುದು?’

ನನ್ನ ಗಾಡಿ ಸಿಕ್ಕಿದ್ದು ಕಾಞಂಗಾಡಿನಲ್ಲಿ, ದಲ್ಲಾಳಿಯಿಲ್ಲದೆ, ನೇರ ಯಜಮಾನರಿಂದ. ದಿನಾ ಆಸ್ಪತ್ರೆಯ ಕೆಲಸಕ್ಕೆ ಅದರಲ್ಲೇ ಹೋಗಿ ಬರುತ್ತಿದ್ದ ನರ್ಸ್. ಮೀಟರಿನಲ್ಲಿ ಎಪ್ಪತ್ತೊಂದು ಸಾವಿರ. ಸರ್ವೀಸಿನ ಬಿಲ್ಲುಗಳನ್ನೆಲ್ಲ ಒಂದು ಹಳೆಯ ಎಕ್ಸ್‌ರೇ ಲಕೋಟೆಯಲ್ಲಿ ತಾರೀಕಿನ ಪ್ರಕಾರ ಜೋಡಿಸಿಟ್ಟಿದ್ದರು. ಆ ಲಕೋಟೆ ನೋಡಿಯೇ ಅರ್ಧ ಮನಸ್ಸು ಮಾಡಿದ್ದೆ. ಅದರಲ್ಲಿ ಪೆಟ್ರೋಲ್ ಪಂಪ್ ಬದಲಿಸಿದ ದಾಖಲೆಯೂ ಇತ್ತು. 2019ರ ಏಪ್ರಿಲ್ 2ರಿಂದ ಅಕ್ಟೋಬರ್ 6ರೊಳಗೆ ತಯಾರಾದ ಸುಮಾರು 6,500 ಗ್ಲಾಂಜಾಗಳನ್ನು ಪೆಟ್ರೋಲ್ ಪಂಪಿನ ದೋಷಕ್ಕಾಗಿ 2020ರಲ್ಲಿ ಕಂಪನಿಯೇ ಹಿಂದಕ್ಕೆ ಕರೆಸಿ ಉಚಿತವಾಗಿ ಸರಿಮಾಡಿಕೊಟ್ಟಿತ್ತು. ಆ ವರ್ಷದ ಬಲೆನೊಗಳಿಗೂ ಇದೇ ಕರೆ ಇತ್ತು. 2019ರ ಗಾಡಿ ನೋಡುವವರು ಈ ಕೆಲಸ ಆಗಿದೆಯೇ ಎಂದು ಚಾಸಿಸ್ ನಂಬರ್ ಕೊಟ್ಟು ಸರ್ವೀಸ್ ಕೇಂದ್ರದಲ್ಲಿ ವಿಚಾರಿಸಲೇಬೇಕು.

ಎಡ ಸೀಟನ್ನು ಪೂರ್ತಿ ಹಿಂದಕ್ಕೆ ಸರಿಸಿ, ಟಾರ್ಚ್ ಹಿಡಿದು ಅಡಿಯಲ್ಲಿ ನೋಡಿದೆವು. ಬ್ಯಾಟರಿಯ ಪೆಟ್ಟಿಗೆಯ ಸುತ್ತ ಕಾರ್ಪೆಟ್ ಒಣಗಿತ್ತು. ಕೈಯಿಂದ ಒತ್ತಿದರೆ ತೇವವಿಲ್ಲ, ಮುಗ್ಗಲು ವಾಸನೆ ಇಲ್ಲ, ಸೀಟಿನ ಕಂಬಿಗೆ ತುಕ್ಕಿಲ್ಲ. ನಮ್ಮ ಮಳೆಗೆ ಇದು ಮುಖ್ಯ. ಬಾಗಿಲಿನ ಮಟ್ಟಕ್ಕೆ ನೀರು ಹೊಕ್ಕ ಗಾಡಿಯಲ್ಲಿ ಮೊದಲು ಹಾಳಾಗುವುದೇ ಈ ಪೆಟ್ಟಿಗೆ. ಓಡಿಸಿದಾಗ ಮೊದಲ ರೈಲ್ವೇ ಗೇಟಿನಲ್ಲೇ ಎಂಜಿನ್ ತಣ್ಣಗೆ ನಿಂತಿತು. ಗೇಟು ತೆರೆದು ಕ್ಲಚ್ ಒತ್ತಿದಾಗ ಯಾವ ಗುರುಗುಟ್ಟುವಿಕೆಯೂ ಇಲ್ಲದೆ ಎದ್ದಿತು. ಬಾನೆಟ್ಟಿನ ಬ್ಯಾಟರಿ ಕೂಡ ಸ್ಟಾರ್ಟ್-ಸ್ಟಾಪ್ ಕಾರುಗಳಿಗೆಂದೇ ಬರುವ ಇಎಫ್‌ಬಿ ಜಾತಿಯದು. ಇದನ್ನು ನೋಡಿಕೊಳ್ಳಿ. ಸಾವಿರ ಎರಡು ಸಾವಿರ ಉಳಿಸಲು ಸಾಮಾನ್ಯ ಬ್ಯಾಟರಿ ತುರುಕಿದ ಗಾಡಿಗಳು ಬಹಳ ಇವೆ.

5.10 ಲಕ್ಷಕ್ಕೆ ಕುದುರಿತು. ಉಪ್ಪಳದ್ದಕ್ಕೆ ಇದಕ್ಕಿಂತ ಎಪ್ಪತ್ತು ಸಾವಿರ ಹೆಚ್ಚು ಕೇಳಿದ್ದರು.

ಮಂಗಳೂರಿನಲ್ಲಿ ಯಾಕೆ ನೋಡಲಿಲ್ಲ ಎಂದು ಭಾವ ಈಗಲೂ ಕೇಳುತ್ತಾರೆ. ತಲಪಾಡಿ ದಾಟಿದರೆ ಆಯ್ಕೆ ಹೆಚ್ಚು, ಬೆಲೆಯೂ ತುಸು ಕಡಿಮೆ, ನಿಜ. ಆದರೆ ಮಂಗಳೂರಿನ ಕೆಎ-19 ಗಾಡಿಯನ್ನು ಕೇರಳದಲ್ಲಿ ಹನ್ನೆರಡು ತಿಂಗಳಿಗಿಂತ ಹೆಚ್ಚು ಇಟ್ಟುಕೊಂಡರೆ ಹೊಸ ನೋಂದಣಿ ಮಾಡಿಸಬೇಕು. ಅಲ್ಲಿಂದ ನಿರಾಕ್ಷೇಪಣಾ ಪತ್ರ ತರಬೇಕು, ಸಾಲವಿದ್ದಿದ್ದರೆ ಬ್ಯಾಂಕಿನ ತೀರುವಳಿ ಪತ್ರ ಬೇಕು, ಇಲ್ಲಿ ಮತ್ತೆ ತೆರಿಗೆ ಕಟ್ಟಬೇಕು, ಅಲ್ಲಿ ಕಟ್ಟಿದ ತೆರಿಗೆಯ ಉಳಿಕೆಗೆ ಅರ್ಜಿ ಹಾಕಿ ಕಾಯಬೇಕು. ಗಡಿಯಲ್ಲಿ ಹುಟ್ಟಿದವರಿಗೆ ಎರಡು ಸರಕಾರಗಳ ನಡುವೆ ಓಡಾಡುವುದು ಹೊಸದೇನಲ್ಲ, ಆದರೆ ಕಾರಿಗಾಗಿ ಅದನ್ನು ಹಣ ಕೊಟ್ಟು ಕೊಳ್ಳುವುದೇಕೆ? ಕಾಞಂಗಾಡಿನ ಕೆಎಲ್-60ರ ಗಾಡಿಗೆ 29, 30ನೇ ನಮೂನೆ ತುಂಬಿಸಿ ಆನ್‌ಲೈನ್‌ನಲ್ಲಿ ಅರ್ಜಿ ಹಾಕಿದರೆ ಹೆಸರು ಬದಲಾಯಿತು. ಅದಕ್ಕೂ ಮೊದಲು ಪರಿವಾಹನ್ ತಾಣದಲ್ಲಿ ದಂಡ ಬಾಕಿ ಇದೆಯೇ ನೋಡಿದೆ. ಕೇರಳದಲ್ಲಿ 2023ರ ಜೂನ್‌ನಿಂದ ಎಐ ಕ್ಯಾಮೆರಾ ಬಂದಿದೆಯಲ್ಲ, ಬೆಲ್ಟ್ ಹಾಕದ ಹಳೆಯ ಯಜಮಾನನ ದಂಡ ನಿಮ್ಮ ವರ್ಗಾವಣೆಗೆ ಅಡ್ಡ ಕೂರುತ್ತದೆ. ಇನ್ಶೂರೆನ್ಸನ್ನು ಹದಿನಾಲ್ಕು ದಿನದೊಳಗೆ ನಿಮ್ಮ ಹೆಸರಿಗೆ ಮಾಡಿಸಲು ಅರ್ಜಿ ಕೊಡಬೇಕು. ಹಳೆಯ ಯಜಮಾನರ ನೋ ಕ್ಲೇಮ್ ಬೋನಸ್ (ಕ್ಲೇಮ್ ಮಾಡದ ವರ್ಷಗಳಿಗೆ ಸಿಗುವ ರಿಯಾಯಿತಿ) ಅವರ ಜೊತೆ ಹೋಗುತ್ತದೆ, ಗಾಡಿಯ ಜೊತೆ ಬರುವುದಿಲ್ಲ.

ಇನ್ನು ಓಡಿಸುವ ಸುಖದುಃಖ. ಪೆರ್ಲ–ಕಾಸರಗೋಡು ದಾರಿಯಲ್ಲಿ ಟ್ಯಾಂಕಿನಿಂದ ಟ್ಯಾಂಕಿಗೆ ಅಳೆದರೆ ಲೀಟರಿಗೆ ಹದಿನೆಂಟೂವರೆಯಿಂದ ಹತ್ತೊಂಬತ್ತು. ಹೆದ್ದಾರಿಯಲ್ಲಿ ಎಂಬತ್ತರ ವೇಗದಲ್ಲಿ ಇಪ್ಪತ್ತೆರಡರ ಹತ್ತಿರ. 23.87 ಕಂಡಿಲ್ಲ, ಕಾಣುವ ಆಸೆಯೂ ಇಲ್ಲ. ಬಂಕಿನಲ್ಲಿ ಈಗ ಸಿಗುವುದು ಇಪ್ಪತ್ತು ಶೇಕಡ ಎಥನಾಲ್ ಬೆರೆತ ಪೆಟ್ರೋಲ್, 2019ರ ಗಾಡಿ ಅದಕ್ಕೆಂದು ರೂಪಿಸಿದ್ದಲ್ಲ. ನಿಂತು ಏಳುವ ಸೌಕರ್ಯದಿಂದ ನಮ್ಮ ಕಡೆ ದೊಡ್ಡ ಉಳಿತಾಯವಿಲ್ಲ, ಬದಿಯಡ್ಕ ಪೇಟೆ ಬಿಟ್ಟರೆ ನಿಲ್ಲುವ ಜಾಗವೇ ಕಡಿಮೆ. ಉಳಿತಾಯ ಬರುವುದು ಎಂಜಿನ್ನಿನಿಂದ. ಅದು ನಿಜಕ್ಕೂ ಒಳ್ಳೆಯ ಎಂಜಿನ್, ನಡುಕವಿಲ್ಲ, ಮೂರನೇ ಗೇರಿನಲ್ಲಿ ಸಲೀಸು. ನಾಲ್ಕು ಜನ, ಎ.ಸಿ., ಏರು ಮೂರೂ ಸೇರಿದರೆ ಮಾತ್ರ ಎರಡನೇ ಗೇರಿಗೆ ಇಳಿಸದೆ ಗತ್ಯಂತರವಿಲ್ಲ. ಹೈಬ್ರಿಡ್‌ನ ನೆರವು ಆಗ ಎಲ್ಲಿ ಹೋಗುತ್ತದೋ ದೇವರೇ ಬಲ್ಲ.

ಹಿಂದಿನ ಸೀಟಿನ ಬಗ್ಗೆ ಅಪ್ಪನ ದೂರಿಲ್ಲ, ಅವರ ಬಾಯಲ್ಲಿ ಅದು ಪ್ರಶಸ್ತಿಗೆ ಸಮ. ಡಿಕ್ಕಿ 339 ಲೀಟರ್, ಎರಡು ಗೋಣಿ ತೆಂಗಿನಕಾಯಿ ಹಿಡಿಯುತ್ತದೆ. ಗಾಡಿ ಹಗುರ, ಹಾಗಾಗಿ ಹೆದ್ದಾರಿಯಲ್ಲಿ ದೊಡ್ಡ ಲಾರಿ ಪಕ್ಕ ಹಾದುಹೋದರೆ ಅಲುಗಾಡಿದಂತಾಗುತ್ತದೆ. ಬಾಗಿಲು ಮುಚ್ಚಿದಾಗಿನ ಸದ್ದು ಟೊಯೋಟಾ ಲಾಂಛನಕ್ಕೆ ಒಪ್ಪುವುದಿಲ್ಲ. ಬಿಡಿಭಾಗ ಮಾತ್ರ ಕುಂಬಳೆಯಲ್ಲೇ ಸಿಗುತ್ತದೆ, ಬಲೆನೊದ್ದು ಹಾಕಿದರಾಯಿತು.

ನೆಲದಿಂದ ಎತ್ತರ 170 ಮಿಲಿಮೀಟರ್. ಪೇಟೆಗೆ ಸಾಕು. ನಮ್ಮ ಅಂಗಳಕ್ಕೆ ಏರುವಲ್ಲಿ ಮುರಕಲ್ಲಿನ ಒಂದು ಹೊಸ್ತಿಲಿದೆ, ಮೂವರು ಕೂತಿದ್ದರೆ ಅಡಿ ತಾಗುತ್ತಿತ್ತು. ಅಪ್ಪ ಅಮ್ಮನನ್ನು ಗೇಟಿನಲ್ಲಿ ಇಳಿಸಿ ಖಾಲಿ ಗಾಡಿ ಏರಿಸುವುದು ಎರಡು ವಾರ ನಡೆಯಿತು. ಆಮೇಲೆ ಕಲ್ಲು ಕಡಿಯುವವರನ್ನು ಕರೆಸಿ ನಾಲ್ಕು ಬೆರಳಿನಷ್ಟು ತೆಗೆಸಿದೆ. ಅವರ ಕೂಲಿ ಮೇಲೆ ಹೇಳಿದ 5.10 ಲಕ್ಷದಲ್ಲಿ ಸೇರಿಲ್ಲ.